ಖಾಲಿ ಜಾಗ ಬೇರೆ, ಲೇನ್ ಬೇರೆ

ಲೈಸೆನ್ಸ್ ಕೈಗೆ ಬಂದು ಒಂಬತ್ತು ವರ್ಷ ಆಗಿತ್ತು. ಅಷ್ಟು ವರ್ಷವೂ ಲೇನ್ ಅಂದರೆ ನನಗೆ ರಸ್ತೆಗೆ ಬಳಿದ ಬಿಳಿ ಬಣ್ಣ, ಅಷ್ಟೇ. ಮುಂದೆ ಜಾಗ ಕಂಡರೆ ಹೋಗೋದು, ಕಾಣದಿದ್ದರೆ ಹಾರ್ನ್ ಹೊಡೆಯೋದು. ಒಂದು ದಿನ ಬಸ್ಸೊಂದು ನನ್ನ ಕಾರಿನ ಬಲಬಾಗಿಲನ್ನು ಉಜ್ಜಿಕೊಂಡು ಹೋಯಿತು. ಅಲ್ಲಿಂದ ಶುರು ಈ ಕಥೆ.

ಸಿಗ್ನಲ್‌ನಲ್ಲಿ ಬಸ್ಸು ನನ್ನ ಮುಂದೆಯೇ ನಿಂತಿತ್ತು. ಹಸಿರು ಬಿತ್ತು. ಬಸ್ಸು ಸ್ವಲ್ಪ ಬಲಕ್ಕೆ ಸರಿಯಿತು. ಎಡಗಡೆ ಒಂದು ಕಾರು ಆರಾಮಾಗಿ ಹೋಗುವಷ್ಟು ಜಾಗ ಬಿಟ್ಟುಕೊಂಡಿತು. ಬಲಕ್ಕೆ ತಿರುಗುತ್ತಿದೆ ಅಂದುಕೊಂಡು ನಾನು ಆ ಜಾಗಕ್ಕೆ ನುಗ್ಗಿದೆ. ಬಸ್ಸು ಎಡಕ್ಕೆ ತಿರುಗಿತು. ತಗಡು ಮಡಚಿದಂಥ ಸದ್ದು. ತಲೆ ಹೊರಳಿಸಿದರೆ ಕಿಟಕಿಯ ತುಂಬ ಬಸ್ಸಿನ ಹಿಂದಿನ ಚಕ್ರ. ಅದರ ನಟ್ಟುಗಳನ್ನು ಎಣಿಸಬಹುದಿತ್ತು, ಅಷ್ಟು ಹತ್ತಿರ.

ಡ್ರೈವರ್ ಇಳಿದು ಬಂದರು. ಬೈಯಲಿಲ್ಲ. ಬಸ್ಸಿನ ಎಡಗಡೆ ಮಿನುಗುತ್ತಿದ್ದ ಇಂಡಿಕೇಟರ್ ತೋರಿಸಿ ಸುಮ್ನೆ ನಿಂತರು. ಅವರು ಬೈದಿದ್ದರೇ ವಾಸಿ ಇತ್ತು.

ನಮ್ಮ ಪಕ್ಕದ ಮನೆಯಲ್ಲಿ ನಿವೃತ್ತ ಬಸ್ ಡ್ರೈವರ್ ಒಬ್ಬರಿದ್ದಾರೆ. ಎಲ್ಲರಿಗೂ ಅವರು ಡ್ರೈವರಣ್ಣ. ಸೊಟ್ಟ ಬಾಗಿಲು ನೋಡಿದವರೇ, "ಬಸ್ಸಿನ ಎಡಕ್ಕೆ ನುಗ್ಗಿದ್ರಾ ಅಮ್ಮಾ?" ಅಂದರು. ನಾನಿನ್ನೂ ಏನೂ ಹೇಳಿರಲಿಲ್ಲ. ಅವತ್ತೇ ಕೇಳಿಕೊಂಡೆ, "ಅಣ್ಣಾ, ನನಗೆ ಮೊದಲಿಂದ ಕಲಿಸಿಕೊಡಿ." ಒಪ್ಪಿದರು. ಹತ್ತು ದಿನ, ದಿನಾ ಬೆಳಿಗ್ಗೆ ಒಂದೂವರೆ ಗಂಟೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನಾನು ಓಡಿಸುವುದು ಎಡಬದಿ ಸಂಚಾರದ ರಸ್ತೆಗಳಲ್ಲಿ. ಬಲಬದಿಯಲ್ಲಿ ಓಡಿಸುವವರು ಎಡ ಇದ್ದಲ್ಲಿ ಬಲ, ಬಲ ಇದ್ದಲ್ಲಿ ಎಡ ಅಂತ ಓದಿಕೊಂಡರೆ ಆಯಿತು. ಓದುವಾಗ ಬದಲಾಯಿಸೋದು ಸುಲಭ, ರಸ್ತೆಯಲ್ಲಿ ಅಲ್ಲ. ಸ್ವೀಡನ್ ದೇಶ 1967ರ ಸೆಪ್ಟೆಂಬರ್ 3ರಂದು ಎಡದಿಂದ ಬಲಕ್ಕೆ ಬದಲಾಯಿತು. ಭಾನುವಾರದ ಮುಂಜಾವದಲ್ಲಿ ಗಾಡಿಗಳನ್ನೆಲ್ಲ ನಿಲ್ಲಿಸಿ, ನಿಧಾನಕ್ಕೆ ಆಚೆ ಬದಿಗೆ ಸರಿಸಿ, ಆಮೇಲೆ ಹೊರಡಿಸಿದರಂತೆ. ಒಂದು ದೇಶ ಅಷ್ಟನ್ನು ಬದಲಾಯಿಸಿಕೊಳ್ಳುವುದಾದರೆ ನಾನು ಒಂಬತ್ತು ವರ್ಷದ ಚಾಳಿ ಬಿಡೋದು ಯಾವ ಲೆಕ್ಕ ಅಂದುಕೊಂಡಿದ್ದೆ. ಬಿಡಲು ತುಂಬಾ ಕಷ್ಟವಾಯಿತು.

ಮೊದಲ ಎರಡು ದಿನ ಡ್ರೈವರಣ್ಣ ನನಗೆ ಸ್ಟಿಯರಿಂಗ್ ಕೊಡಲೇ ಇಲ್ಲ. ತಾವೇ ಓಡಿಸಿದರು. ನಾನು ಪಕ್ಕದಲ್ಲಿ ಕೂತು ಮೂರು ವಿಷಯ ಜೋರಾಗಿ ಹೇಳಬೇಕು: ಈಗ ಯಾವ ಲೇನ್‌ನಲ್ಲಿದ್ದೇವೆ, ಮುಂದಿನ ತಿರುವು ಯಾವ ಕಡೆಗೆ, ಅದಕ್ಕೆ ಯಾವ ಲೇನ್ ಬೇಕು. ಮೊದಲ ದಿನ ನಾಚಿಕೆ ಆಯಿತು, ಕ್ರಿಕೆಟ್ ಕಾಮೆಂಟರಿ ಹೇಳಿದ ಹಾಗೆ. ಎರಡನೇ ದಿನದ ಹೊತ್ತಿಗೆ ಒಂದು ವಿಚಿತ್ರ ಗಮನಕ್ಕೆ ಬಂತು. ನಾನು ನೋಡುತ್ತಿದ್ದದ್ದು ಮುಂದಿನ ಗಾಡಿಯ ಬಂಪರ್. ಡ್ರೈವರಣ್ಣ ನೋಡುತ್ತಿದ್ದದ್ದು ಅದಕ್ಕಿಂತ ನಾಲ್ಕು ಗಾಡಿ ಆಚೆ. ರಸ್ತೆಯ ಮೇಲಿನ ಬಾಣದ ಗುರುತು ನನಗೆ ಕಾಣುವ ಹೊತ್ತಿಗೆ ಅದರ ಮೇಲೆ ಗಾಡಿಗಳು ನಿಂತು ಮುಚ್ಚಿರುತ್ತಿದ್ದವು. ಅವರು ತಲೆಯ ಮೇಲಿನ ಬೋರ್ಡನ್ನು ಯಾವಾಗಲೋ ಓದಿ ಮುಗಿಸಿರುತ್ತಿದ್ದರು.

"ಲೇನ್ ಆರಿಸೋದು ಸಿಗ್ನಲ್ ಹತ್ರ ಅಲ್ಲಮ್ಮಾ. ಸಿಗ್ನಲ್ ಹತ್ರ ಬರೋಷ್ಟರಲ್ಲಿ ಆರಿಸಿ ಆಗಿರಬೇಕು," ಅಂದರು.

ಇದನ್ನು ಗೆರೆಗಳೇ ಹೇಳುತ್ತವೆ ಅಂತ ಆಮೇಲೆ ಗೊತ್ತಾಯಿತು. ಲೇನ್‌ಗಳ ನಡುವೆ ತುಂಡು ಗೆರೆ ಇದ್ದರೆ ನೋಡಿಕೊಂಡು ದಾಟಬಹುದು. ಎಷ್ಟೋ ಕಡೆ ಜಂಕ್ಷನ್ ಹತ್ತಿರ ಬಂದಾಗ ಅದೇ ಗೆರೆ ತುಂಡಾಗದೆ ಒಂದೇ ಸಮ ಹೋಗುತ್ತದೆ. ಅಲ್ಲಿಂದ ಮುಂದೆ ಯಾವ ಲೇನ್‌ನಲ್ಲಿದ್ದೀರೋ ಅದೇ ನಿಮ್ಮದು. ಎರಡು ಗೆರೆ ಜೋಡಿಯಾಗಿದ್ದು ಒಂದು ತುಂಡು, ಇನ್ನೊಂದು ಅಖಂಡ ಆಗಿದ್ದರೆ, ನಿಮ್ಮ ಕಡೆಗಿರುವ ಗೆರೆ ಯಾವುದೋ ಅದರ ಮಾತು ಕೇಳಬೇಕು. ನಿಮ್ಮ ಕಡೆ ತುಂಡು ಗೆರೆ ಇದ್ದರೆ ನೀವು ದಾಟಬಹುದು, ಎದುರಿನವರು ದಾಟುವ ಹಾಗಿಲ್ಲ. ಒಂಬತ್ತು ವರ್ಷ ಈ ಗೆರೆಗಳ ಮೇಲೆ ಓಡಾಡಿದ್ದೆ, ಓದಿರಲಿಲ್ಲ.

ಗೆರೆಯ ಹುಟ್ಟಿನ ಬಗ್ಗೆ ಒಂದು ಕಥೆ ಇದೆ. ಅಮೆರಿಕದ ಮಿಷಿಗನ್ ರಾಜ್ಯದ ಎಡ್ವರ್ಡ್ ಹೈನ್ಸ್ ಎಂಬ ರಸ್ತೆ ಅಧಿಕಾರಿ 1911ರಲ್ಲಿ ರಸ್ತೆಯ ನಡುವೆ ಬಿಳಿ ಗೆರೆ ಹಾಕಿಸಿದರು. ಹಾಲಿನ ಗಾಡಿಯೊಂದು ಸೋರುತ್ತಾ ಹೋಗಿ ರಸ್ತೆ ಮೇಲೆ ಬಿಳಿ ಜಾಡು ಬಿಟ್ಟದ್ದನ್ನು ಕಂಡು ಅವರಿಗೆ ಆ ಯೋಚನೆ ಬಂತಂತೆ. ಇದನ್ನು ಡ್ರೈವರಣ್ಣನಿಗೆ ಹೇಳಿದೆ. "ಹಾಲು ಸೋರಿದ್ದು ಒಳ್ಳೇದೇ ಆಯ್ತು ಬಿಡಿ," ಅಂದು ಗೇರ್ ಹಾಕಿದರು.

ಮೂರನೇ ದಿನ ಜೋರು ಮಳೆ. ಹೊರಗೆ ಹೋಗೋ ಹಾಗಿರಲಿಲ್ಲ. ನಮ್ಮ ಮನೆಯ ಹಾಲ್‌ನಲ್ಲೇ ಪಾಠ. ನೆಲದ ಮೇಲೆ ಚಾಕ್‌ಪೀಸಿನಲ್ಲಿ ರಸ್ತೆ ಬರೆದರು. ಮಗನ ಆಟದ ಕಾರು ಒಂದು, ಪೆನ್ಸಿಲ್ ಡಬ್ಬಿ ಒಂದು. ಪೆನ್ಸಿಲ್ ಡಬ್ಬಿಯೇ ಬಸ್ಸು.

"ಈಗ ಈ ಬಸ್ಸನ್ನ ಎಡಕ್ಕೆ ತಿರುಗಿಸಿ," ಅಂದರು. ತಿರುಗಿಸಿದೆ. ಡಬ್ಬಿಯ ಹಿಂಭಾಗ ಫುಟ್‌ಪಾತ್ ಗೆರೆ ದಾಟಿ ಒಳಗೆ ಹೋಯಿತು. ಮತ್ತೆ ಮಾಡಿದೆ, ಮತ್ತೆ ಹಾಗೇ ಆಯಿತು. ಆಗ ಅವರು ತೋರಿಸಿದರು. ಉದ್ದದ ಗಾಡಿ ತಿರುಗುವಾಗ ಹಿಂದಿನ ಚಕ್ರ ಮುಂದಿನ ಚಕ್ರದ ಜಾಡಿನಲ್ಲಿ ಬರೋದಿಲ್ಲ, ಒಳಗಡೆಗೆ ಕತ್ತರಿಸಿಕೊಂಡು ಬರುತ್ತದೆ. ಗಾಡಿ ಉದ್ದವಾದಷ್ಟೂ ಜಾಸ್ತಿ ಕತ್ತರಿಸುತ್ತದೆ. ಅದಕ್ಕೇ ಬಸ್ ಡ್ರೈವರ್ ಎಡಕ್ಕೆ ತಿರುಗುವ ಮೊದಲು ಒಂದಿಷ್ಟು ಬಲಕ್ಕೆ ಸರಿಯುತ್ತಾರೆ. ಆಮೇಲೆ ಆಟದ ಕಾರನ್ನು ಡಬ್ಬಿಯ ಎಡಗಡೆ ಇಟ್ಟು, ಡಬ್ಬಿಯನ್ನು ನಿಧಾನಕ್ಕೆ ತಿರುಗಿಸಿದರು. ಡಬ್ಬಿಯ ಹಿಂದಿನ ಮೂಲೆ ಬಂದು ಕಾರಿನ ಬಲಬಾಗಿಲಿಗೆ ತಾಗಿತು.

ನಾನು ಮಾತಾಡಲಿಲ್ಲ.

"ಅದು ಖಾಲಿ ಜಾಗ ಅಲ್ಲಮ್ಮಾ. ಹಿಂದಿನ ಚಕ್ರ ಬರೋ ಜಾಗ. ಮುಂಚೆನೇ ಬುಕ್ ಆಗಿರುತ್ತೆ," ಅಂದರು.

ಅವತ್ತೇ ಅದೇ ನೆಲದ ಮೇಲೆ ಸರ್ಕಲ್ ಕೂಡ ಬರೆದೆವು. ಎರಡು ಲೇನ್‌ನ ಸರ್ಕಲ್ ಅಂದರೆ ನನಗೆ ಮೊದಲಿನಿಂದಲೂ ಹೊಟ್ಟೆಯಲ್ಲಿ ಚಿಟ್ಟೆ ಹಾರುತ್ತಿತ್ತು. ಎಡಬದಿ ಸಂಚಾರದಲ್ಲಿ ಸರ್ಕಲ್ ಸುತ್ತೋದು ಗಡಿಯಾರದ ಮುಳ್ಳಿನ ದಿಕ್ಕಿಗೆ. ಒಳಗೆ ಸುತ್ತುತ್ತಿರುವವರು ಬಲಗಡೆಯಿಂದ ಬರುತ್ತಿರುತ್ತಾರೆ, ಮೊದಲು ದಾರಿ ಅವರಿಗೆ. ಎಡಕ್ಕೆ ಹೋಗುವವರು ಎಡ ಲೇನ್. ಬಲಕ್ಕೆ ಹೋಗುವವರು, ಪೂರ್ತಿ ಸುತ್ತಿ ವಾಪಸ್ ಹೋಗುವವರು ಬಲ ಲೇನ್, ಅಂದರೆ ಒಳಗಿನದು. ನೇರ ಹೋಗುವವರಿಗೆ ಸಾಮಾನ್ಯವಾಗಿ ಎಡ ಲೇನೇ. ರಸ್ತೆಯಲ್ಲಿ ಬಾಣ ಬೇರೆ ಹೇಳಿದರೆ ಬಾಣದ ಮಾತೇ ಕೊನೆ. ನನ್ನ ತಪ್ಪು ಎಲ್ಲಿ ಅಂತ ಕಾರು ತಳ್ಳುತ್ತಾ ತಳ್ಳುತ್ತಾ ಗೊತ್ತಾಯಿತು. ಬಲಕ್ಕೆ ಹೋಗಬೇಕಿದ್ದರೂ ನಾನು ಹೊರಗಿನ ಲೇನ್‌ನಲ್ಲೇ ಸುತ್ತುತ್ತಿದ್ದೆ, ಹೊರಗೆ ಬರೋದು ಸುಲಭ ಅಂತ. ಹಾಗೆ ಸುತ್ತಿದರೆ ಒಳಗಿನ ಲೇನ್‌ನಿಂದ ಹೊರಗೆ ಹೋಗುವ ಪ್ರತಿಯೊಬ್ಬರಿಗೂ ನಾನು ಅಡ್ಡ. ಒಳಗೆ ಸುತ್ತಿ, ನಮ್ಮ ದಾರಿಯ ಹಿಂದಿನ ದಾರಿ ದಾಟಿದ ಕೂಡಲೇ ಎಡ ಇಂಡಿಕೇಟರ್ ಹಾಕಿ, ಕನ್ನಡಿ ನೋಡಿ, ಭುಜದ ಮೇಲಿಂದ ಒಮ್ಮೆ ನೋಡಿ ಹೊರಗೆ ಬರಬೇಕು. ಜಾಗ ಸಿಗದಿದ್ದರೆ ಇನ್ನೊಂದು ಸುತ್ತು. ಮಗ ಶಾಲೆಯಿಂದ ಬಂದವನು ನಾವಿಬ್ಬರೂ ನೆಲದ ಮೇಲೆ ಕೂತು ಕಾರು ಆಡಿಸುವುದನ್ನು ನೋಡಿ, "ಅಮ್ಮಾ, ಅದು ನಂದು," ಅಂದ.

ನಾಲ್ಕನೇ ದಿನ ಸ್ಟಿಯರಿಂಗ್ ಸಿಕ್ಕಿತು. ಲೇನ್‌ನ ಮಧ್ಯದಲ್ಲಿ ಓಡಿಸೋದೇ ನನಗೆ ಬರೋದಿಲ್ಲ ಅಂತ ಐದು ನಿಮಿಷದಲ್ಲಿ ಬಯಲಾಯಿತು. ದೊಡ್ಡ ರಸ್ತೆಯ ಒಂದು ಲೇನ್ ಸುಮಾರು ಮೂರೂವರೆ ಮೀಟರ್ ಅಗಲ ಇರುತ್ತದೆ. ಕಾರು ಒಂದೂಮುಕ್ಕಾಲು ಮೀಟರ್. ನಡುವೆ ಸರಿಯಾಗಿ ಇದ್ದರೆ ಎರಡೂ ಕಡೆ ಮುಕ್ಕಾಲು ಮೀಟರಿಗಿಂತ ಸ್ವಲ್ಪ ಹೆಚ್ಚು ಮಿಕ್ಕುತ್ತದೆ. ಬಸ್ಸು ಎರಡೂವರೆ ಮೀಟರ್. ಅದಕ್ಕೆ ಎರಡೂ ಕಡೆ ಮಿಕ್ಕೋದು ಅರ್ಧ ಮೀಟರ್ ಅಷ್ಟೇ. ನಾನು ಗೆರೆಯನ್ನು ಚಕ್ರಗಳ ನಡುವೆ ಇಟ್ಟುಕೊಂಡು ಹೋಗುತ್ತಿದ್ದೆ. ಆ ಕಡೆಗೂ ಈ ಕಡೆಗೂ ಹೋಗೋಕೆ ಅನುಕೂಲ ಅಂತ. "ಒಂದು ಸೀಟಲ್ಲಿ ಕೂರಮ್ಮಾ, ಎರಡು ಸೀಟಿಗೆ ಟವೆಲ್ ಹಾಕ್ಬೇಡಿ," ಅಂದರು. ಬಸ್ಸಿನವರ ಮಾತು, ನೇರ ಒಳಗಿಳಿಯಿತು.

ಲೇನ್ ಬದಲಿಸುವಾಗ ಇನ್ನೊಂದು. ನಾನು ಇಂಡಿಕೇಟರ್ ಹಾಕುವುದೂ ಸ್ಟಿಯರಿಂಗ್ ತಿರುಗಿಸುವುದೂ ಒಟ್ಟಿಗೇ. ಅದು ಹೇಳಿ ಮಾಡಿದ್ದಲ್ಲ, ಮಾಡುತ್ತಾ ಹೇಳಿದ್ದು. ಅವರು ಹೇಳಿಕೊಟ್ಟ ಕ್ರಮ ಹೀಗೆ: ಒಳಗಿನ ಕನ್ನಡಿ, ಬದಿಯ ಕನ್ನಡಿ, ಇಂಡಿಕೇಟರ್. ಬಾಯಲ್ಲಿ ಒಂದು, ಎರಡು, ಮೂರು ಎಣಿಸು. ಭುಜದ ಮೇಲಿಂದ ಒಂದು ನೋಟ. ಆಮೇಲೆ ಪಕ್ಕದ ಲೇನ್‌ಗೆ ಸರಿ. ಒಂದು ಸಲಕ್ಕೆ ಒಂದೇ ಲೇನ್. ಭುಜದ ನೋಟ ಯಾಕೆ ಅಂತ ಕೇಳಿದೆ. ನಿಂತ ಕಾರಿನಲ್ಲಿ ನನ್ನನ್ನು ಕೂರಿಸಿ ತಾವು ಹಿಂದಿನಿಂದ ನಡೆದು ಬಂದರು. ಒಳಗಿನ ಕನ್ನಡಿಯಲ್ಲಿ ಕಂಡರು, ಆಮೇಲೆ ಬಲಗನ್ನಡಿಯಲ್ಲಿ ಕಂಡರು, ಆಮೇಲೆ ಕಾಣೆಯಾದರು. ತಲೆ ತಿರುಗಿಸಿದರೆ ಹಿಂದಿನ ಬಾಗಿಲ ಪಕ್ಕದಲ್ಲೇ ನಿಂತು ನಗುತ್ತಿದ್ದಾರೆ. ಇಡೀ ಮನುಷ್ಯ! ಬೈಕ್ ಎಷ್ಟರದು?

ಆದರೆ ಆ ನೋಟ ಚುಟುಕಾಗಿರಬೇಕು. ಗಂಟೆಗೆ 80 ಕಿಲೋಮೀಟರ್ ವೇಗದಲ್ಲಿ ಕಾರು ಒಂದು ಸೆಕೆಂಡಿಗೆ 22 ಮೀಟರ್ ಓಡಿರುತ್ತದೆ. ನಾವು ಹಿಂದೆ ನೋಡುತ್ತಾ ಇದ್ದರೆ ಮುಂದಿನವರು ಬ್ರೇಕ್ ಹಾಕಿದ್ದು ಗೊತ್ತಾಗೋದಿಲ್ಲ. ಅದಕ್ಕೇ ಮುಂದಿನ ಗಾಡಿಯಿಂದ ಎರಡು ಸೆಕೆಂಡಿನ ಅಂತರ ಮೊದಲೇ ಇರಬೇಕು.

ಆರನೇ ದಿನ ಹೆದ್ದಾರಿ. ಇಲ್ಲಿ ನಿಯಮ ಒಂದೇ ಸಾಲಿನದು: ಎಡಕ್ಕೆ ಇರು, ಹಿಂದಿಕ್ಕಲು ಬಲಕ್ಕೆ ಹೋಗು, ಮುಗಿದ ಮೇಲೆ ಎಡಕ್ಕೆ ವಾಪಸ್ ಬಾ. ನಾನು ಹೆದ್ದಾರಿಗೆ ಹತ್ತಿದವಳೇ ಸೀದಾ ಬಲ ತುದಿಯ ಲೇನ್‌ಗೆ ಹೋಗಿ ಗಂಟೆಗೆ 70ರಲ್ಲಿ ಆರಾಮಾಗಿ ಕೂತೆ. ಅಲ್ಲಿ ಲಾರಿ ಇಲ್ಲ, ನಿಲ್ಲಿಸಿದ ಗಾಡಿ ಇಲ್ಲ, ನೆಮ್ಮದಿ. ಸ್ವಲ್ಪ ಹೊತ್ತಿಗೆ ಹಿಂದೆ ಮೂರು ಕಾರು ಸಾಲುಗಟ್ಟಿದವು. ಒಬ್ಬ ಲೈಟ್ ಹೊಡೆದ. ನನಗೆ ಸಿಟ್ಟು ಬಂತು. "ನಾನು ತಪ್ಪು ಮಾಡ್ತಿಲ್ಲವಲ್ಲ ಅಣ್ಣಾ?" ಅಂದೆ. ಅಷ್ಟರಲ್ಲಿ ಆತ ಎಡಗಡೆಯಿಂದ ನನ್ನನ್ನು ದಾಟಿ ಹೋದ. "ಅವನೂ ತಪ್ಪು ಮಾಡಿದ, ಮಾಡಿಸಿದ್ದು ನೀವು," ಅಂದರು. ಬಲ ಲೇನ್ ವೇಗದವರದ್ದು ಅಂತ ನಾನು ತಿಳಿದಿದ್ದೆ. ಅದು ಹಿಂದಿಕ್ಕುವವರದ್ದು. ಕೆಲಸ ಆದ ಮೇಲೆ ಅಲ್ಲಿ ಉಳಿಯೋ ಹಾಗಿಲ್ಲ, ಎಷ್ಟೇ ವೇಗ ಇರಲಿ. ಜರ್ಮನಿಯ ಆಟೊಬಾನ್ ಹೆದ್ದಾರಿಯಲ್ಲಿ ಇದು ಕಟ್ಟುನಿಟ್ಟು. ಅಲ್ಲಿ ಬಲಬದಿ ಸಂಚಾರ, ಹಾಗಾಗಿ ಬಲಕ್ಕೆ ಇದ್ದು ಎಡದಿಂದ ಹಿಂದಿಕ್ಕಬೇಕು. ವೇಗವಾಗಿ ಓಡಿಸಲು ಹೆಸರಾದ ರಸ್ತೆ ನಡೆಯುವುದೇ ಈ ಶಿಸ್ತಿನ ಮೇಲೆ.

ಹಿಂದಿಕ್ಕಿದ ಮೇಲೆ ಎಡಕ್ಕೆ ಬರೋದು ಯಾವಾಗ? ದಾಟಿದ ಗಾಡಿಯ ಎರಡೂ ಹೆಡ್‌ಲೈಟ್ ನಮ್ಮ ಒಳಗಿನ ಕನ್ನಡಿಯಲ್ಲಿ ಕಂಡ ಮೇಲೆ. ಅದಕ್ಕಿಂತ ಮುಂಚೆ ಬಂದರೆ ಅವರ ಮೂಗಿನ ಮೇಲೆ ಬಂದ ಹಾಗೆ.

ವಾಪಸ್ ಬರುವಾಗ ದಟ್ಟಣೆ. ಎರಡೂ ಲೇನ್ ತೆವಳುತ್ತಿದ್ದವು. ನನ್ನ ಹಳೇ ಚಾಳಿ ಎದ್ದಿತು. ಪಕ್ಕದ ಲೇನ್ ಓಡುತ್ತಿದೆ ಅಂತ ಅಲ್ಲಿಗೆ ಹೋದೆ, ಅದು ನಿಂತಿತು. ಬಿಟ್ಟು ಬಂದದ್ದು ಓಡಿತು. ಮತ್ತೆ ಬದಲಿಸಿದೆ. ಡ್ರೈವರಣ್ಣ ಮುಂದಿದ್ದ ಒಂದು ಹಳದಿ ಲಾರಿ ತೋರಿಸಿ, ಅದನ್ನು ನೆನಪಿಟ್ಟುಕೊಳ್ಳಿ ಅಂದರು. ಇಪ್ಪತ್ತು ನಿಮಿಷದಲ್ಲಿ ಆರು ಸಲ ಲೇನ್ ಬದಲಿಸಿದೆ. ಟೋಲ್ ಹತ್ತಿರ ನೋಡಿದರೆ ಹಳದಿ ಲಾರಿ ನನಗಿಂತ ಎರಡು ಗಾಡಿ ಮುಂದೇ ಇತ್ತು. ಅದು ಒಂದು ಸಲವೂ ಲೇನ್ ಬಿಟ್ಟಿರಲಿಲ್ಲ.

ಇದು ನನ್ನ ಹಣೆಬರಹ ಮಾತ್ರ ಅಲ್ಲ ಅಂತ ಆಮೇಲೆ ಓದಿ ಸಮಾಧಾನ ಆಯಿತು. ರೆಡೆಲ್‌ಮೈಯರ್ ಮತ್ತು ಟಿಬ್ಶಿರಾನಿ ಎಂಬಿಬ್ಬರು ಸಂಶೋಧಕರು 1999ರಲ್ಲಿ ನೇಚರ್ ಎಂಬ ವಿಜ್ಞಾನ ಪತ್ರಿಕೆಯಲ್ಲಿ ಇದನ್ನೇ ಬರೆದಿದ್ದಾರೆ. ಎರಡೂ ಲೇನ್‌ನ ಸರಾಸರಿ ವೇಗ ಒಂದೇ ಇದ್ದರೂ ಪಕ್ಕದ್ದೇ ಬೇಗ ಹೋಗುತ್ತಿದೆ ಅನಿಸುತ್ತದೆ. ನಾವು ಓಡುವಾಗ, ಒತ್ತೊತ್ತಾಗಿ ನಿಂತ ಪಕ್ಕದವರನ್ನು ಚಿಟಿಕೆ ಹೊಡೆಯೋದ್ರಲ್ಲಿ ದಾಟಿಬಿಡುತ್ತೇವೆ. ನಾವು ನಿಂತಾಗ ಪಕ್ಕದವರು ಬಿಡಿಬಿಡಿಯಾಗಿ, ಒಬ್ಬೊಬ್ಬರಾಗಿ, ಬಹಳ ಹೊತ್ತು ದಾಟುತ್ತಲೇ ಇರುತ್ತಾರೆ. ದಾಟಿದ ಹೊತ್ತು ಕಮ್ಮಿ, ದಾಟಿಸಿಕೊಂಡ ಹೊತ್ತು ಜಾಸ್ತಿ. ಜೊತೆಗೆ ನಾವು ದಾಟಿದವರು ಹಿಂದೆ ಬಿದ್ದು ಮರೆಯಾಗುತ್ತಾರೆ, ನಮ್ಮನ್ನು ದಾಟಿದವರು ಕಣ್ಣ ಮುಂದೆಯೇ ಇರುತ್ತಾರೆ. ಹೊಟ್ಟೆಕಿಚ್ಚಿಗೂ ಒಂದು ಲೆಕ್ಕ ಇದೆ ನೋಡಿ.

ಲೇನ್ ಮುಗಿದು ಎರಡು ಒಂದಾಗುವ ಕಡೆ ಮಾತ್ರ ನನಗೂ ಡ್ರೈವರಣ್ಣನಿಗೂ ವಾದ ಆಯಿತು. ಬೋರ್ಡ್ ಕಂಡ ಕೂಡಲೇ ಸರಿದುಬಿಡೋದು ಮರ್ಯಾದೆ ಅಂತ ಅವರು. ಗಾಡಿಗಳು ತೆವಳುತ್ತಿದ್ದರೆ ಎರಡೂ ಲೇನ್ ಕೊನೆಯವರೆಗೆ ತುಂಬಿಕೊಂಡು, ತುದಿಯಲ್ಲಿ ಆ ಕಡೆಯದೊಂದು ಈ ಕಡೆಯದೊಂದು, ಜಿಪ್ ಹಾಕಿದ ಹಾಗೆ ಸೇರೋದು ಸರಿ ಅಂತ ನಾನು. ಜರ್ಮನಿಯಲ್ಲಿ ಅದೇ ಕಾನೂನು. ಸಾಲು ಅರ್ಧಕ್ಕರ್ಧ ಗಿಡ್ಡ ಆಗುತ್ತದೆ, ಹಿಂದಿನ ಜಂಕ್ಷನ್ ಕಟ್ಟಿಕೊಳ್ಳೋದಿಲ್ಲ. "ಒಬ್ಬ ಬಿಡಬೇಕಲ್ಲಮ್ಮಾ?" ಅಂದರು. ಅದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಈಗಲೂ ನಾನು ಒಬ್ಬರನ್ನು ಬಿಟ್ಟೇ ಸೇರುತ್ತೇನೆ, ಎರಡನೆಯವರು ನುಗ್ಗಿದರೆ ಬೈದುಕೊಳ್ಳುತ್ತೇನೆ.

ಎಂಟನೇ ದಿನದ ಪಾಠ ಎಲ್ಲಕ್ಕಿಂತ ಕಷ್ಟದ್ದು. ನಾನು ಬಲಕ್ಕೆ ತಿರುಗಬೇಕಿತ್ತು. ಮಾತಿನ ಭರದಲ್ಲಿ ನೇರ ಹೋಗುವ ಲೇನ್‌ನಲ್ಲೇ ಉಳಿದಿದ್ದೆ. ಅಖಂಡ ಗೆರೆ ಶುರುವಾಗಿತ್ತು. ಕೈ ತಾನಾಗಿಯೇ ಬಲ ಇಂಡಿಕೇಟರ್‌ಗೆ ಹೋಯಿತು. ಡ್ರೈವರಣ್ಣ ಅದನ್ನು ಮೆಲ್ಲಗೆ ಕೆಳಕ್ಕೆ ಒತ್ತಿ ಆರಿಸಿದರು.

"ನೇರ ಹೋಗಿ."

"ಅಣ್ಣಾ, ಮನೆ ಆ ಕಡೆ."

"ಮನೆ ಎಲ್ಲಿಗೂ ಹೋಗಲ್ಲ. ನೇರ ಹೋಗಿ."

ನೇರ ಹೋದೆ. ವಾಪಸ್ ತಿರುಗಲು ಎರಡು ಕಿಲೋಮೀಟರ್ ಆಚೆ ಜಾಗ ಸಿಕ್ಕಿತು. ಒಟ್ಟು ಹನ್ನೊಂದು ನಿಮಿಷ ಜಾಸ್ತಿ ಆಯಿತು, ನೋಡಿಕೊಂಡೆ. ಒಂಬತ್ತು ವರ್ಷದಲ್ಲಿ ಎಷ್ಟು ಸಲ ಅಂಥ ಹನ್ನೊಂದು ನಿಮಿಷ ಉಳಿಸಲು ನಾಲ್ಕು ಗಾಡಿಗಳ ಮೂತಿಗೆ ಅಡ್ಡ ಹೋಗಿದ್ದೆನೋ. ಹೆದ್ದಾರಿಯಲ್ಲಿ ಹೊರದಾರಿ ತಪ್ಪಿದರೂ ಇಷ್ಟೇ, ಮುಂದಿನ ಹೊರದಾರಿ. ರಿವರ್ಸ್ ಅನ್ನೋ ಮಾತೇ ಇಲ್ಲ.

ಹತ್ತು ದಿನ ಮುಗಿಯಿತು. ಬಾಗಿಲು ರಿಪೇರಿ ಆಗಿ ಬಂತು, ಬಣ್ಣ ಮಾತ್ರ ಒಂದು ಚೂರು ಬೇರೆ. ಕಳೆದ ವಾರ ಅದೇ ಸಿಗ್ನಲ್‌ನಲ್ಲಿ ನಿಂತಿದ್ದೆ. ಮುಂದೆ ಬಸ್ಸು, ಎಡ ಇಂಡಿಕೇಟರ್ ಮಿನುಗುತ್ತಿತ್ತು. ಹಸಿರು ಬಿತ್ತು. ಬಸ್ಸು ಬಲಕ್ಕೆ ಸರಿಯಿತು. ಎಡಗಡೆ ಅದೇ ಜಾಗ ತೆರೆಯಿತು, ಒಂದು ಕಾರು ಆರಾಮಾಗಿ ಹೋಗುವಷ್ಟು. ನಾನು ಬ್ರೇಕ್ ಮೇಲಿನ ಕಾಲು ತೆಗೆಯಲಿಲ್ಲ. ಹಿಂದಿನವರು ಹಾರ್ನ್ ಹೊಡೆದರು, ಮತ್ತೆ ಹೊಡೆದರು, ಕೈ ತೆಗೆಯದೇ ಹೊಡೆದರು. ಬಸ್ಸು ತಿರುಗತೊಡಗಿತು. ಅದರ ಹಿಂದಿನ ಚಕ್ರ ನಿಧಾನಕ್ಕೆ ಒಳಗೆ ಸರಿಯುತ್ತಾ ಬಂದು, ಆ ಖಾಲಿ ಜಾಗದ ಮೇಲೆ ಹರಿದು, ಫುಟ್‌ಪಾತ್ ಅಂಚಿಗೆ ಒಂದು ಗೇಣು ಬಿಟ್ಟು ಹೋಯಿತು. ಹಾರ್ನ್ ನಿಂತಿತು.